ನಿನ್ನ ಹೆಸರಿನ ಬಾಲದಲ್ಲಿ ನಾನು

ಪುಟ್ಟೀ,

ನಿನ್ನೆ ಮಾತಿನ ಮಧ್ಯೆ ಫೋನ್ ಇಟ್ಟಿದ್ದು ನಾನೇ, ನೆಟ್‌ವರ್ಕ್ ಹೋಗಿದ್ದಲ್ಲ. "ಆಫೀಸಲ್ಲಿ ಎಲ್ರೂ ನನ್ನನ್ನ ನಿನ್ ಹೆಸರು ಹಿಡಿದು ಕರೀತಾರೆ ಅಪ್ಪಾ, ಅದನ್ನ ತೆಗೆಸಿಬಿಡ್ತೀನಿ" ಅಂದೆಯಲ್ಲ, ಆ 'ತೆಗೆಸಿಬಿಡ್ತೀನಿ' ಸ್ವಲ್ಪ ಚುಚ್ಚಿತು.

ನಿನ್ನನ್ನು ಶಾಲೆಗೆ ಸೇರಿಸಿದ ದಿನದ್ದೇ ಯೋಚನೆ. ಫಾರಂನಲ್ಲಿ ಸರ್‌ನೇಮ್ ಅಂತ ಒಂದು ಚೌಕ. ನಮಗೆ ಅಂಥದ್ದು ಇರಲಿಲ್ಲ, ಖಾಲಿ ಬಿಟ್ಟೆ. ಕಿಟಕಿಯ ಆಚೆ ಕೂತವರು ವಾಪಸ್ ತಳ್ಳಿದರು. "ಏನಾದ್ರೂ ಬರೀರಿ." ಹಿಂದೆ ಉದ್ದ ಸಾಲು. ನಿನ್ನ ಅಮ್ಮನ ಪೆನ್ನು ಇಸಿದುಕೊಂಡು ನನ್ನ ಹೆಸರು ಗೀಚಿದೆ. ಅರ್ಧ ನಿಮಿಷದ ಕೆಲಸ. ಪಕ್ಕದಲ್ಲೇ ನಿಂತಿದ್ದ ಅವಳನ್ನು ಒಂದು ಮಾತು ಕೇಳಲಿಲ್ಲ. ಅವಳ ಹೆಸರೂ ಆ ಚೌಕದಲ್ಲಿ ಹಿಡಿಸುತ್ತಿತ್ತು, ಅಲ್ವಾ? ನನಗೆ ಹೊಳೆಯಲೇ ಇಲ್ಲ. ಅವಸರ ಅಂತ ಇಷ್ಟು ವರ್ಷ ಹೇಳಿಕೊಂಡೆ. ಅವಸರದಲ್ಲಿ ನನ್ನ ಹೆಸರೇ ಯಾಕೆ ನೆನಪಾಯಿತು? ಸುಳ್ಳು ಹೇಳಲ್ಲ, ಬರೆದ ಮೇಲೆ ಖುಷಿಯೂ ಆಗಿತ್ತು.

ರಾತ್ರಿ ನಿದ್ದೆ ಬರಲಿಲ್ಲ. ಸುಮ್ನೆ ಓದುತ್ತಾ ಕೂತೆ. 1875ರಲ್ಲಿ ಜಪಾನಿನಲ್ಲಿ ಪ್ರತಿಯೊಬ್ಬರಿಗೂ ಮನೆತನದ ಹೆಸರು ಇರಲೇಬೇಕು ಅಂತ ಕಾನೂನು ಬಂತಂತೆ. ಟರ್ಕಿಯಲ್ಲಿ 1934ರಲ್ಲಿ. ಅಂದರೆ ಇಡೀ ದೇಶವೇ ನನ್ನ ಹಾಗೆ ಆ ಕಿಟಕಿ ಮುಂದೆ ತಡಬಡಿಸಿತ್ತು. ಸ್ವಲ್ಪ ಸಮಾಧಾನವಾಯಿತು. ಜಾನ್ಸನ್ ಅಂದರೆ ಜಾನ್‌ನ ಮಗ, ಫೆರ್ನಾಂಡಿಸ್ ಅಂದರೆ ಫೆರ್ನಾಂಡೊನ ಮಗ. ಮೊದಮೊದಲು ಅದು ನಿಜವೇ ಇತ್ತು. ಆಮೇಲೆ ಹೆಸರು ಅಲ್ಲೇ ಹೆಪ್ಪುಗಟ್ಟಿತು. ಈಗಿನ ಜಾನ್ಸನ್‌ಗಳಿಗೆ ಆ ಜಾನ್ ಯಾರೋ ಏನೋ. ನನಗೂ ಹಾಗೆ ಹೆಪ್ಪುಗಟ್ಟುವ ಆಸೆ ಇತ್ತೇನೋ.

ಐಸ್‌ಲ್ಯಾಂಡಿನವರ ಪದ್ಧತಿ ಮಾತ್ರ ಬಹಳ ಹಿಡಿಸಿತು. 1980ರಲ್ಲಿ ಅಲ್ಲಿ ಅಧ್ಯಕ್ಷೆಯಾದವರು ವಿಗ್ದಿಸ್ ಫಿನ್‌ಬೊಗಾದೊತ್ತಿರ್. ಎರಡನೆಯದರ ಅರ್ಥ 'ಫಿನ್‌ಬೊಗಿಯ ಮಗಳು'. ಆದರೆ ದೇಶವೆಲ್ಲ ಕರೆದದ್ದು ವಿಗ್ದಿಸ್ ಅಂತಲೇ. ಅಪ್ಪ ಹಿಂದೆ ಇರುತ್ತಾನೆ, ಕರೆದಾಗ ಓಗೊಡುವವಳು ಮಗಳು. ಬೇಕಾದರೆ ಅಮ್ಮನ ಹೆಸರನ್ನೂ ಇಟ್ಟುಕೊಳ್ಳಬಹುದು ಅಲ್ಲಿ. ಹಾಗಿದ್ದರೆ ತಪ್ಪು ನನ್ನ ಹೆಸರಿನದಲ್ಲ, ನಿನ್ನ ಆಫೀಸಿನದು ಅಂತ ವಾದ ಹೂಡಬಹುದಿತ್ತು. ಹೂಡಲ್ಲ ಬಿಡು.

ಆದರೆ ತೆಗೆಸುವುದಾದರೆ ಎಲ್ಲ ಕಡೆ ತೆಗೆಸು. ಪಾಸ್‌ಪೋರ್ಟಲ್ಲಿ ಒಂದು, ಅಂಕಪಟ್ಟಿಯಲ್ಲಿ ಒಂದು, ಬ್ಯಾಂಕಲ್ಲಿ ಇನ್ನೊಂದು ಇದ್ದರೆ ಜೀವನವಿಡೀ ಅಫಿಡವಿಟ್ ಹಿಡಿದು ಅಲೀಬೇಕು. ಸ್ಪೆಲ್ಲಿಂಗ್ ಮೂರು ಸಲ ನೋಡು. ಹಳೇ ಕಾಗದ ಎಸೀಬೇಡ. ಬದಲಾಗುವ ತನಕ ವಿಮಾನದ ಟಿಕೆಟ್ ಹಳೇ ಹೆಸರಲ್ಲೇ ತಗೋ. ನಿನಗೆ ಇದೆಲ್ಲ ಗೊತ್ತು. ಗೊತ್ತಿದ್ದೂ ಕೊನೇ ದಿನದವರೆಗೆ ಬಿಡ್ತೀಯ, ಅದಕ್ಕೇ ಹೇಳಿದ್ದು.

ಬೆಳಿಗ್ಗೆ ನಿನ್ನ ಅಮ್ಮನನ್ನು ಕೇಳಿದೆ, ಅವತ್ತು ಅವಳ ಹೆಸರು ಬರೆಯಬೇಕಿತ್ತಾ ಅಂತ. ಸ್ವಲ್ಪ ಹೊತ್ತು ಸುಮ್ಮನಿದ್ದಳು. "ಆ ಪೆನ್ನು ನೀವು ವಾಪಸ್ಸೇ ಕೊಡಲಿಲ್ಲ" ಅಂದಳು.

ಈ ಕವರಿನ ಮೇಲೆ ನಿನ್ನ ಹೆಸರಷ್ಟೇ ಬರೆದಿದ್ದೇನೆ, ನನ್ನದು ಹಾಕಿಲ್ಲ. ತಲುಪಿದರೆ ಫೋನ್ ಮಾಡು.

ಅಪ್ಪ