ಭಾನುವಾರದ ಚರ್ಚೆಗೆ ಮುನ್ನ: ಜೋರ್ಡಾನಿನ ರಾಜಿ ಪದ್ಧತಿ

ಎಲ್ಲರಿಗೂ ನಮಸ್ಕಾರ. ಈ ವಾರದ ವಿಷಯ ಜೋರ್ಡಾನಿನ ಬೆದುಯಿನರ, ಅಂದರೆ ಮರುಭೂಮಿ ಮೂಲದ ಅರಬ್ ಬುಡಕಟ್ಟುಗಳ ನ್ಯಾಯ. ಕೊಲೆಯಾದರೆ ಮೊದಲು ‘ಅತ್ವಾ’, ಅಂದರೆ ಸೇಡಿಗೆ ತಾತ್ಕಾಲಿಕ ತಡೆ. ಬಳಿಕ ಕೊಲೆಗಾರನ ಕಡೆಯ ಪರವಾಗಿ ಹಿರಿಯರ ನಿಯೋಗ ‘ಜಾಹಾ’ ರಾಜಿ ಕೋರಿ ಸತ್ತವರ ಮನೆಗೆ ಹೋಗುತ್ತದೆ. ಮುಂದಿಟ್ಟ ಕಾಫಿಯನ್ನು ಕೋರಿಕೆ ಒಪ್ಪುವ ತನಕ ಮುಟ್ಟುವುದಿಲ್ಲ. ಅತಿಥಿ ಕುಡಿಯದೆ ಎದ್ದರೆ ಮನೆಯವರಿಗೇ ಅವಮಾನ. (ಮರ್ಯಾದೆಯ ಜೊತೆ ಒತ್ತಡವೂ ಇದೆ ಅನ್ನಿ!)

ನನಗೆ ಒಪ್ಪಿಗೆಯಾಗದ್ದು ‘ಜಲ್ವಾ’: ಕೊಲೆಗಾರನ ಐದು ತಲೆಮಾರಿನ ದಾಯಾದಿಗಳೂ ಊರು ಬಿಡಬೇಕಿತ್ತು. ಬುಡಕಟ್ಟು ಕಾನೂನುಗಳು 1976ರಲ್ಲೇ ರದ್ದಾದರೂ ರೂಢಿ ನಿಲ್ಲಲಿಲ್ಲ. 2021ರಲ್ಲಿ ಅದನ್ನು ಕೊಲೆಗಾರ, ತಂದೆ, ಗಂಡುಮಕ್ಕಳಿಗಷ್ಟೇ, ಒಂದು ವರ್ಷಕ್ಕೆ ಮಿತಿಗೊಳಿಸುವ ಒಪ್ಪಂದವಾಯಿತು. ತಪ್ಪು ಮಾಡದ ಮಗ ಯಾಕೆ ಹೋಗಬೇಕು? ಚರ್ಚೆ ಇಲ್ಲಿಂದ ಶುರು ಮಾಡೋಣ. ಅಲ್ಲಿಯವರೆಗೆ ಫಾರ್ವರ್ಡ್ ಮೆಸೇಜು ಬೇಡ, ದಯವಿಟ್ಟು.