ವಾರ್ದಾ ಚಿತ್ರಕ್ಕೆ ‘ಹಕ್ಕಲು’ ಪದವೇ ಸರಿ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ಪುರವಣಿಯಲ್ಲಿ ಫ್ರಾನ್ಸಿನ ಆನ್ಯೆಸ್ ವಾರ್ದಾ ಅವರ ಕುರಿತು ಲೇಖನ ಪ್ರಕಟಿಸಿದ್ದಕ್ಕೆ ವಂದನೆಗಳು. ಆದರೆ ಅವರನ್ನು ಆದ್ಯಂತ ನಿರ್ದೇಶಕಿ ಎಂದಷ್ಟೇ ಕಂಡಿರುವುದೂ, ಅವರ 2000ದ ಸಾಕ್ಷ್ಯಚಿತ್ರದ ಹೆಸರನ್ನು ‘ಸಂಗ್ರಾಹಕರು ಮತ್ತು ನಾನು’ ಎಂದು ಕನ್ನಡಿಸಿರುವುದೂ ನನಗೆ ಸರಿಕಾಣಲಿಲ್ಲ.

ವಾರ್ದಾ ಸಿನಿಮಾಕ್ಕೆ ಬಂದದ್ದು ಸ್ಥಿರಚಿತ್ರದ ಕ್ಯಾಮೆರಾ ಹಿಡಿದು. ಜ್ಯಾಂ ವಿಲಾರ್ ಅವರ ನಾಟಕ ಸಂಸ್ಥೆಯಲ್ಲಿ ಛಾಯಾಗ್ರಾಹಕಿಯಾಗಿದ್ದ ಅವರು 1954ರಲ್ಲಿ ಸೆತ್ ಪಟ್ಟಣದ ಬೆಸ್ತರ ಕೇರಿಯಲ್ಲಿ ಮೊದಲ ಕಥಾಚಿತ್ರ ತೆಗೆದಾಗ ಚಿತ್ರಕಥೆಯನ್ನು ತಾವೇ ಬರೆದರು, ನಿರ್ಮಾಣಕ್ಕೆ ತಮ್ಮದೇ ಸಂಸ್ಥೆ ಕಟ್ಟಿದರು. ಮುಂದೆ ಹಲವು ಚಿತ್ರಗಳ ಸಂಕಲನಕ್ಕೂ ಕುಳಿತರು, ನಿರೂಪಣೆಗೆ ದನಿಯನ್ನೂ ಕೊಟ್ಟರು. ಸಂಭಾಷಣೆ ಬರೆಯುವುದಷ್ಟೇ ಅಲ್ಲ, ಚಿತ್ರೀಕರಣದ ಜಾಗ, ಬೆಳಕು, ಸಂಕಲನದ ಲಯ ಇವನ್ನೆಲ್ಲ ಆಯ್ದುಕೊಳ್ಳುವುದೂ ಬರವಣಿಗೆಯೇ ಎಂದು ನಂಬಿದ್ದ ಅವರು ಅದಕ್ಕೆಂದೇ ‘ಸಿನೆಕ್ರಿತ್ಯೂರ್’ ಎಂಬ ಪದ ಕಟ್ಟಿದರು. 1985ರಲ್ಲಿ ವೆನಿಸ್‌ನ ಚಿತ್ರೋತ್ಸವದ ಗೋಲ್ಡನ್ ಲಯನ್ ಪ್ರಶಸ್ತಿ, 2017ರಲ್ಲಿ ಗೌರವ ಆಸ್ಕರ್ ಬಂದದ್ದನ್ನು ಲೇಖನವೇ ಹೇಳಿದೆ.

ಇನ್ನು ಆ ಹೆಸರಿನ ಮಾತು. ಸುಗ್ಗಿ ಮುಗಿದ ಹೊಲದಲ್ಲಿ ಉಳಿದ ಕಾಳು, ಗೆಡ್ಡೆಗಳನ್ನು ಆಯ್ದುಕೊಳ್ಳುವವರನ್ನೂ ಪೇಟೆಯವರು ಬಿಸಾಕಿದ್ದನ್ನು ಹೆಕ್ಕಿ ಬದುಕುವವರನ್ನೂ ಈ ಚಿತ್ರ ಚಿಕ್ಕ ಡಿಜಿಟಲ್ ಕ್ಯಾಮೆರಾ ಹಿಡಿದು ಹುಡುಕಿಕೊಂಡು ಹೋಗುತ್ತದೆ. ಈ ಕೆಲಸಕ್ಕೆ ನಮ್ಮ ಬೆಳವಲ ಸೀಮೆಯಲ್ಲಿ ಹಕ್ಕಲಾಯುವುದು ಎನ್ನುತ್ತಾರೆ. ಶೇಂಗಾ ಕಿತ್ತಾದ ಮೇಲೆ ಹೊಲದೊಡೆಯರನ್ನು ಕೇಳಿ ಹಕ್ಕಲಾಯ್ದು ತಂದ ಕಾಯಿಗಳನ್ನು ನಮ್ಮ ತಾಯಿ ಹುರಿದುಕೊಡುತ್ತಿದ್ದರು. ಅದನ್ನು ತಿಂದು ಬೆಳೆದ ನನಗೆ ‘ಸಂಗ್ರಾಹಕರು’ ಎಂದರೆ ವಸ್ತುಸಂಗ್ರಹಾಲಯದ ನೆನಪಾಗುತ್ತದೆಯೇ ಹೊರತು ಬಗ್ಗಿದ ಬೆನ್ನುಗಳು ಕಾಣುವುದಿಲ್ಲ. ಫ್ರೆಂಚ್ ಹೆಸರಿನ ಅರ್ಥ ‘ಹಕ್ಕಲಾಯುವವರು ಮತ್ತು ಹಕ್ಕಲಾಯುವವಳು’ ಎಂದು. ಇಂಗ್ಲಿಷ್ ಹೆಸರಿನಲ್ಲಿ ‘ಹಕ್ಕಲಾಯುವವಳು’ ಎಂಬುದು ‘ನಾನು’ ಎಂದಾಗಿ ಆ ಸ್ತ್ರೀಲಿಂಗ ಕಳೆದುಹೋಯಿತು. ನಮ್ಮ ಭಾಷೆಯಲ್ಲಿ ಅದನ್ನು ಉಳಿಸಿಕೊಳ್ಳಲು ಯಾವ ಅಡ್ಡಿಯೂ ಇಲ್ಲ.

ಆ ಹಕ್ಕಲಾಯುವವಳು ಸ್ವತಃ ವಾರ್ದಾ. ಅರಾಸ್ ಪಟ್ಟಣದ ವಸ್ತುಸಂಗ್ರಹಾಲಯದಲ್ಲಿ, ತೆನೆಯ ಹೊರೆ ಹೊತ್ತು ನಿಂತ ಹೆಣ್ಣಿನ ವರ್ಣಚಿತ್ರದ ಪಕ್ಕದಲ್ಲಿ ಅವರೂ ಹೊರೆ ಹೊತ್ತು ನಿಲ್ಲುತ್ತಾರೆ. ಬಳಿಕ ತೆನೆಯನ್ನು ಕೆಳಗೆ ಬಿಟ್ಟು ಕ್ಯಾಮೆರಾ ಎತ್ತಿಕೊಳ್ಳುತ್ತಾರೆ. ಒಂದು ಕೈಯಿಂದ ತಮ್ಮ ಇನ್ನೊಂದು ಕೈಯ ಸುಕ್ಕುಗಳನ್ನು ಚಿತ್ರೀಕರಿಸುತ್ತಾರೆ. ಆಕಾರ ಸರಿಯಿಲ್ಲವೆಂದು ಹೊಲದಲ್ಲೇ ಸುರಿದಿದ್ದ ಆಲೂಗಡ್ಡೆಗಳಲ್ಲಿ ಹೃದಯದಾಕಾರದವನ್ನು ಆರಿಸಿ ಮನೆಗೆ ಒಯ್ಯುತ್ತಾರೆ. 2003ರ ವೆನಿಸ್ ಬಿನಾಲೆ ಕಲಾಪ್ರದರ್ಶನದಲ್ಲಿ ಅದೇ ಆಲೂಗಡ್ಡೆ ಮೂರು ಪರದೆಗಳ ಕಲಾಕೃತಿಯಾಯಿತು, ಆಗ ಅವರಿಗೆ ಎಪ್ಪತ್ತೈದು. ಈ ದಾರಿಯನ್ನು ಬಿಟ್ಟು ನಿರ್ದೇಶಕಿ ಎಂಬ ಒಂದೇ ಪದದಲ್ಲಿ ಅವರನ್ನು ಮುಗಿಸಿಬಿಟ್ಟರೆ, ಛಾಯಾಗ್ರಾಹಕಿ, ಬರಹಗಾರ್ತಿ, ನಿರ್ಮಾಪಕಿ, ಕಲಾವಿದೆ ಎಲ್ಲರೂ ಹೊರಗುಳಿಯುತ್ತಾರೆ.

ಪುರವಣಿಯ ಮುಂದಿನ ಸಂಚಿಕೆಯಲ್ಲಿ ಚಿತ್ರದ ಹೆಸರನ್ನು ತಿದ್ದಿ, ಅವರ ಛಾಯಾಚಿತ್ರ ಹಾಗೂ ಕಲಾಪ್ರದರ್ಶನಗಳ ಬಗ್ಗೆಯೂ ಒಂದು ಬರಹ ಪ್ರಕಟಿಸಬೇಕೆಂದು ಕೋರುತ್ತೇನೆ.

— ನಿವೃತ್ತ ಶಿಕ್ಷಕಿ, ಗದಗ