ಹೋಸೆ ಲೂಯಿಸ್ ಲೋಪೆಸ್ ವಾಸ್ಕೆಸ್ ಅವರಿಗೆ ಒಬ್ಬ ರಂಗನಟನ ಕೃತಜ್ಞತೆ

ಗಂಟಲಿನ ಶಸ್ತ್ರಚಿಕಿತ್ಸೆಯ ನಂತರ ಬಹುಕಾಲ ಮಾತಿಲ್ಲದೆ ಕಳೆದ ನಾನು ಈ ತಿಂಗಳು ಮತ್ತೆ ರಂಗವೇರಿದೆ. ನನ್ನ ಪಾತ್ರವನ್ನು ಬೇರೆಯವರಿಗೆ ಕೊಡದೆ ಕಾದ ತಂಡದ ಗೆಳೆಯರಿಗೆ, ಉಸಿರಾಟದಿಂದ ಆರಂಭಿಸಿ ಒಂದೊಂದೇ ಸ್ವರವನ್ನು ಮರಳಿ ಹೇಳಿಕೊಟ್ಟ ವಾಕ್‌ ಚಿಕಿತ್ಸಕಿಗೆ, ನಾನು ಚೀಟಿಯಲ್ಲಿ ಬರೆದುದನ್ನೆಲ್ಲ ಬೇಸರಿಸದೆ ಓದಿದ ಮನೆಯವರಿಗೆ ಎದುರು ನಿಂತೇ ಕೈಮುಗಿದಿದ್ದೇನೆ. ಹಾಗೆ ಹೇಳಲಾಗದವರು ಒಬ್ಬರಿದ್ದಾರೆ: 1922ರಲ್ಲಿ ಮ್ಯಾಡ್ರಿಡ್‌ನಲ್ಲಿ ಹುಟ್ಟಿ, 2009ರ ನವೆಂಬರ್‌ನಲ್ಲಿ ಅದೇ ಊರಿನಲ್ಲಿ ತೀರಿಕೊಂಡ ಸ್ಪೇನಿನ ನಟ ಹೋಸೆ ಲೂಯಿಸ್ ಲೋಪೆಸ್ ವಾಸ್ಕೆಸ್.

ಮೌನದ ಆ ದಿನಗಳಲ್ಲಿ ಗೆಳೆಯರೊಬ್ಬರು ಕಳಿಸಿಕೊಟ್ಟದ್ದು 'ಲಾ ಕಬೀನಾ'. ಆಂಟೋನಿಯೊ ಮೆರ್ಸೆರೊ ನಿರ್ದೇಶನದಲ್ಲಿ 1972ರ ಡಿಸೆಂಬರ್‌ನಲ್ಲಿ ಸ್ಪೇನಿನ ದೂರದರ್ಶನದಲ್ಲಿ ಪ್ರಸಾರವಾಗಿ, ಮರುವರ್ಷ ಅಂತರರಾಷ್ಟ್ರೀಯ ಎಮ್ಮಿ ಪ್ರಶಸ್ತಿ ಪಡೆದ ಕಿರುಚಿತ್ರವದು. ಮಗನನ್ನು ಶಾಲೆಯ ಬಸ್ಸಿಗೆ ಹತ್ತಿಸಿದ ತಂದೆಯೊಬ್ಬ ಚೌಕದಲ್ಲಿ ಹೊಸದಾಗಿ ನಿಲ್ಲಿಸಿದ್ದ ಕೆಂಪು ದೂರವಾಣಿ ಬೂತಿನೊಳಗೆ ಹೋಗುತ್ತಾನೆ. ಬಾಗಿಲು ಮತ್ತೆ ತೆರೆಯುವುದಿಲ್ಲ. ಗಾಜಿನ ಹೊರಗೆ ಜನ ಸೇರುತ್ತಾರೆ, ನಗುತ್ತಾರೆ, ಆದರೆ ಒಳಗಿನವನ ಮಾತು ಯಾರಿಗೂ ತಲುಪುವುದಿಲ್ಲ. ಮೊದಲಿನ ಸಂಕೋಚ, ಕೋಟು ಸರಿಪಡಿಸಿಕೊಂಡು ಮರ್ಯಾದೆ ಉಳಿಸಿಕೊಳ್ಳುವ ಯತ್ನ, ಆಮೇಲಿನ ಸಿಟ್ಟು, ಕೊನೆಗೆ ಬೂತನ್ನು ಹೊತ್ತ ಲಾರಿ ಎತ್ತ ಹೋಗುತ್ತಿದೆಯೆಂದು ತಿಳಿದಾಗಿನ ಭೀತಿ, ಇವೆಲ್ಲವನ್ನೂ ತಂದೆಯ ಪಾತ್ರದ ಲೋಪೆಸ್ ವಾಸ್ಕೆಸ್ ಹೆಗಲು, ಅಂಗೈ, ಕಣ್ಣುಗಳಿಂದಲೇ ಕಟ್ಟುತ್ತಾರೆ. ಸಂಭಾಷಣೆಯೇ ನಟನ ಬಂಡವಾಳವೆಂದು ನಂಬಿ ಬೆಳೆದ ನನಗೆ, ದನಿ ಹೋದರೂ ನನ್ನ ಕಸುಬು ಹೋಗಿಲ್ಲವೆಂಬ ಧೈರ್ಯ ಬಂದದ್ದು ಅಂದೇ.

ಅನಂತರ ನೋಡಿದ್ದು ನಿರ್ದೇಶಕ ಕಾರ್ಲೋಸ್ ಸೌರಾ ಅವರ 1970ರ ಚಿತ್ರ 'ಎಲ್ ಹಾರ್ದಿನ್ ದೆ ಲಾಸ್ ದೆಲಿಸಿಯಾಸ್'. ಕಾರು ಅಪಘಾತದಲ್ಲಿ ನೆನಪು, ನಡಿಗೆ, ಮಾತು ಕಳೆದುಕೊಂಡ ಉದ್ಯಮಿಯಾಗಿ ಲೋಪೆಸ್ ವಾಸ್ಕೆಸ್ ಗಾಲಿಕುರ್ಚಿಯಲ್ಲಿ ಕುಳಿತಿದ್ದಾರೆ. ಸ್ವಿಸ್ ಬ್ಯಾಂಕಿನ ಖಾತೆಯ ಸಂಖ್ಯೆ ಅವರ ನೆನಪಿನಲ್ಲಷ್ಟೇ ಇದ್ದುದರಿಂದ, ಮನೆಯವರು ಅವರ ಬಾಲ್ಯದ ಘಟನೆಗಳನ್ನೇ ನಾಟಕದಂತೆ ಅಭಿನಯಿಸಿ ನೆನಪನ್ನು ಕೆದಕುತ್ತಾರೆ. ಸುತ್ತಲಿನವರೆಲ್ಲ ಜೋರಾಗಿ ನಟಿಸುತ್ತಿರುವಾಗ ನಡುವೆ ಸುಮ್ಮನೆ ಕುಳಿತವನ ಮೇಲೆಯೇ ನಮ್ಮ ದೃಷ್ಟಿ ನೆಡುವಂತೆ ಮಾಡುವುದು ಎಷ್ಟು ಕಷ್ಟವೆಂಬುದನ್ನು ರಂಗದ ಮೇಲೆ ನಿಂತವರು ಬಲ್ಲರು.

ಈ ಗಂಭೀರ ಪಾತ್ರಗಳಿಗೆ ಮೊದಲು ಸ್ಪೇನಿನ ಪ್ರೇಕ್ಷಕರು ಅವರನ್ನು ಬಹುವಾಗಿ ಬಲ್ಲದ್ದು ಹಾಸ್ಯನಟರಾಗಿ. ರಂಗಭೂಮಿಗೆ ಉಡುಪು ವಿನ್ಯಾಸ ಮಾಡುತ್ತ ಬಂದವರು, ಬಾಡಿಗೆ ಮನೆಯ ಹಕ್ಕಿಗಾಗಿ ವೃದ್ಧೆಯನ್ನು ಮದುವೆಯಾಗುವ ಬಡಪಾಯಿಯಾಗಿ 'ಎಲ್ ಪಿಸೀತೊ'ದಲ್ಲಿ, ತಮ್ಮದೇ ಬ್ಯಾಂಕನ್ನು ದೋಚಲು ಹೊರಡುವ ಗುಮಾಸ್ತರಲ್ಲೊಬ್ಬರಾಗಿ 'ಅತ್ರಾಕೊ ಅ ಲಾಸ್ ತ್ರೆಸ್'ನಲ್ಲಿ, ನಿರ್ದೇಶಕ ಬೆರ್ಲಾಂಗಾ ಅವರ 'ಪ್ಲಾಸಿದೊ'ದಲ್ಲಿ ಅವಸರದ ಮಾತಿನ ಸಂಘಟಕರಾಗಿ ಕಾಣಿಸಿಕೊಂಡರು. ಬೋಳುತಲೆ, ಮೀಸೆ, ಯಾವ ಕಚೇರಿಯಲ್ಲಾದರೂ ಕಾಣಸಿಗುವ ಮುಖ. ಆ ಮುಖವನ್ನೇ ಇಟ್ಟುಕೊಂಡು 1972ರ 'ಮಿ ಕೆರೀದಾ ಸೆನ್ಯೊರೀತಾ'ದಲ್ಲಿ, ನಡುವಯಸ್ಸಿನವರೆಗೂ ಹೆಣ್ಣಾಗಿ ಬಾಳಿ, ತಾನು ಗಂಡೆಂದು ವೈದ್ಯರಿಂದ ತಿಳಿಯುವ ಅದೇಲಾಳನ್ನು ಎಳ್ಳಷ್ಟೂ ಗೇಲಿಯಿಲ್ಲದೆ ಅಭಿನಯಿಸಿದರು. ಸರ್ವಾಧಿಕಾರಿ ಫ್ರಾಂಕೊ ಆಡಳಿತದ ಸೆನ್ಸಾರು ಇನ್ನೂ ಬಿಗಿಯಾಗಿದ್ದ ಕಾಲವದು. ಸೌರಾ ಅವರ 'ಲಾ ಪ್ರಿಮಾ ಆಂಹೆಲಿಕಾ'ದಲ್ಲಿ ವೇಷ ಬದಲಿಸದೆ, ಅದೇ ದೊಡ್ಡವರ ದೇಹದಲ್ಲಿ ಅಂತರ್ಯುದ್ಧ ಕಾಲದ ಬಾಲಕನೂ ಆದರು. ನನ್ನ ಮಟ್ಟಿಗೆ ಅವರ ಸಾಧನೆಯ ಶಿಖರ ಅದು.

ಇನ್ನೂರಕ್ಕೂ ಹೆಚ್ಚು ಚಿತ್ರಗಳ ಆ ದುಡಿಮೆಗೆ 2005ರಲ್ಲಿ ಸ್ಪೇನಿನ ಚಲನಚಿತ್ರರಂಗದ ಗೌರವ ಗೋಯಾ ಪ್ರಶಸ್ತಿ ಸಂದಿತು. ಅವರನ್ನು ನಗೆಯ ಚೌಕಟ್ಟಿನಲ್ಲೇ ಬಿಡದೆ ಕಷ್ಟದ ಪಾತ್ರಗಳನ್ನು ಒಪ್ಪಿಸಿದ ಸೌರಾ, ಮೆರ್ಸೆರೊ, 'ಮಿ ಕೆರೀದಾ ಸೆನ್ಯೊರೀತಾ'ದ ನಿರ್ದೇಶಕ ಹೈಮೆ ದೆ ಅರ್ಮಿನ್ಯಾನ್ ಅವರಿಗೂ, ಉಪಶೀರ್ಷಿಕೆಗಳಿಲ್ಲದ ಚಿತ್ರಗಳಿಗೆ ಪಕ್ಕದಲ್ಲಿ ಕುಳಿತು ಅರ್ಥ ಹೇಳಿದ ಸ್ಪ್ಯಾನಿಷ್ ಬಲ್ಲ ಗೆಳತಿಗೂ ನಾನು ಆಭಾರಿ. ಮುಂದಿನ ವಾರದಿಂದ ತಂಡದ ಕಿರಿಯರೊಂದಿಗೆ ಈ ಚಿತ್ರಗಳನ್ನು ನೋಡಿ ಚರ್ಚಿಸಲಿದ್ದೇವೆ, ಮೊದಲನೆಯದು 'ಪ್ಲಾಸಿದೊ'.